ಚಳಿಗಾಲದಲ್ಲಿ ನೀರು ಬೇಡದ ಗಿಡಗಳು

ರೀ,

ಇರುವಾಗ ನಿಮ್ಮನ್ನು ಹೆಸರು ಹಿಡಿದು ಕರೆದವಳಲ್ಲ, ಈಗ ಕಾಗದದ ಮೇಲೆ ಕರೆದು ಯಾರಿಗೆ ತೋರಿಸಬೇಕಾಗಿದೆ? ಅಡುಗೆಮನೆಯಿಂದ ‘ರೀ’ ಎಂದರೆ ಹಿತ್ತಲಿನಿಂದ ‘ಹ್ಞೂಂ’ ಎನ್ನುತ್ತಿದ್ದಿರಿ. ಬರುತ್ತಿರಲಿಲ್ಲ. ಆ ಹ್ಞೂಂ ಒಂದೇ. ಸಾರು ಆರಿ, ನಾನು ಮತ್ತೆ ಬಿಸಿ ಮಾಡಿ, ಅದೂ ಆರುವ ಹೊತ್ತಿಗೆ ಮೊಣಕಾಲಿನ ಮಣ್ಣು ಕೊಡವಿಕೊಳ್ಳುತ್ತ ಒಳಗೆ ಬರುತ್ತಿದ್ದಿರಿ. ದಿನಚರಿಯಲ್ಲಿ ಮಳೆ ಬಂತು, ತರಕಾರಿ ತಂದೆ, ನಿಧಿಗೆ ನೆಗಡಿ ಎಂದಷ್ಟೇ ಬರೆದುಕೊಂಡು ಬಂದ ನಾನು ಇವತ್ತು ನಿಮಗೇ ಬರೆಯಲು ಕೂತಿದ್ದೇನೆ. ನೀವು ಹೋದ ಮೇಲೆ ಈ ಮನೆಯಲ್ಲಿ ಏನಾಯಿತು ಎಂದು ನಿಮಗೆ ಯಾರಾದರೂ ಹೇಳಬೇಕಲ್ಲ.

ಡಬ್ಲಿನ್‌ನ ಟಾಲಾ ಆಸ್ಪತ್ರೆಯಲ್ಲಿ ಕಿಟಕಿ ಪಕ್ಕದ ಹಾಸಿಗೆ ಸಿಕ್ಕ ದಿನ, ಬೆಟ್ಟ ಕಾಣುತ್ತದೆ ಎಂದು ಮಗುವಿನ ಹಾಗೆ ಖುಷಿಪಟ್ಟಿದ್ದಿರಿ. ಬೇಸಿಗೆಯಲ್ಲಿ ಹೊಟ್ಟೆನೋವು ಎಂದು ಹೋದವರು ಅಕ್ಟೋಬರ್ ಹೊತ್ತಿಗೆ ತಲೆ ಎತ್ತಿ ನೀರು ಕುಡಿಯಲೂ ಆಗದಷ್ಟು ಸೋತುಹೋಗಿದ್ದಿರಿ. ನಾನು ಕ್ರೆಶ್‌ನಲ್ಲಿ ಊರವರ ಮಕ್ಕಳಿಗೆಲ್ಲ ಊಟ ತಿನ್ನಿಸಿ, ನಿಧಿಯನ್ನು ಶಾಲೆಯಿಂದ ಕರೆದುಕೊಂಡು, ಆಡಮ್ಸ್‌ಟೌನ್‌ನಿಂದ ಬಸ್ಸಿನ ಮೇಲೆ ಬಸ್ಸು ಹಿಡಿದು ಬರುತ್ತಿದ್ದೆ. ಒಂದು ಸಂಜೆ ಕೈಸನ್ನೆ ಮಾಡಿ ಹತ್ತಿರ ಕರೆದಿರಿ. ಬಾಗಿದೆ. ಏನೆಂದುಕೊಂಡು ಬಾಗಿದೆ ಎಂದು ಕೇಳಬೇಡಿ. ‘ಗಾಜು ಮುಚ್ಚಿದ್ಯಾ?’ ಎಂದಿರಿ. ಮುಚ್ಚಿದ್ದೀನಿ ಎಂದೆ. ‘ಚಳಿಗಾಲ ಕಳೆಯೋವರೆಗೂ ಯಾರಿಗೂ ನೀರು ಹಾಕೋಕೆ ಬಿಡ್ಬೇಡ.’ ಅಷ್ಟೇ. ಮರುದಿನದಿಂದ ನಿಮಗೆ ಮಾತು ಸ್ಪಷ್ಟವಿರಲಿಲ್ಲ. ಇಷ್ಟು ವರ್ಷ ಜೊತೆಗೆ ಬಾಳಿದವಳಿಗೆ ನೀವು ಬಿಟ್ಟುಹೋದದ್ದು ಒಂದು ಕಲ್ಲುತೊಟ್ಟಿಯ ಉಸ್ತುವಾರಿ.

ಪಶ್ಚಿಮ ತೀರದ ಬರೆನ್ ಕಡೆ ಹೋಗಿದ್ದ ಆ ಮೇ ತಿಂಗಳ ರಜೆಯಲ್ಲಿ ಇದೆಲ್ಲ ಶುರುವಾಯಿತು. ಕಣ್ಣು ಹಾಯುವಷ್ಟು ದೂರವೂ ಬೂದು ಕಲ್ಲಿನ ಹಾಸು, ಗಾಳಿಗೆ ನನ್ನ ದುಪಟ್ಟ ನಿಲ್ಲುತ್ತಿರಲಿಲ್ಲ. ನಡೆಯುತ್ತಿದ್ದವರು ಇದ್ದಕ್ಕಿದ್ದಂತೆ ಮೊಣಕಾಲೂರಿ ಕೂತುಬಿಟ್ಟಿರಿ. ಜೊತೆಗೆ ಬಂದಿದ್ದ ನಿಮ್ಮ ಆಫೀಸಿನ ಪ್ರಸಾದ್ ‘ಏನ್ ಗುರು, ಕಾರ್ ಕೀ ಬಿತ್ತಾ?’ ಎಂದು ಓಡಿಬಂದರು. ಕಲ್ಲಿನ ಬಿರುಕಿನಲ್ಲಿ ಒಂದು ನೀಲಿ ಹೂ. ಅಂಥ ನೀಲಿಯನ್ನು ನಾನು ಮೈಸೂರಿನ ಸೀರೆ ಅಂಗಡಿಯಲ್ಲೂ ನೋಡಿರಲಿಲ್ಲ. ಇಲ್ಲಿ ಗಿಡ ಕೀಳುವ ಹಾಗಿಲ್ಲ ಎಂದು ನನಗೆ ಭಯ. ‘ಕೀಳಲ್ಲ ಕಣೇ. ಇಷ್ಟು ಚಿಕ್ಕದು ಈ ಗಾಳೀಲಿ ಹೆಂಗೆ ನಿಂತಿದೆ ನೋಡು’ ಎಂದಿರಿ. ವಾಪಸ್ಸು ಬರುವಾಗ ದಾರಿಯುದ್ದಕ್ಕೂ ಮಾತಾಡಲಿಲ್ಲ. ಮನೆಗೆ ಬಂದ ಮೇಲೂ…

ಚರ್ಚಿನ ಹಾಲ್‌ನಲ್ಲಿ ಗಿಡ ಮಾರುತ್ತಿದ್ದ ಆ ಮುದುಕ ನಿಮಗೆ ಗುರುವಾದ. ಅವನ ಮೇಜಿನ ಮೇಲೆ ಚಿಕ್ಕ ಚಿಕ್ಕ ಕುಂಡಗಳು, ಅವುಗಳಲ್ಲಿ ಅಂಗೈ ಅಗಲದ ಹಸಿರು ಮೆತ್ತೆಗಳು. ಗಿಡ ಎನ್ನಲೂ ನನಗೆ ಮನಸ್ಸು ಬರಲಿಲ್ಲ. ಮುಟ್ಟಿದರೆ ಗಟ್ಟಿ, ಮುಳ್ಳುಹಂದಿಯ ಬೆನ್ನಿನಂತೆ. ಅವನ ಮಾತನ್ನು ನೀವು ನನಗೆ ಕನ್ನಡದಲ್ಲಿ ಹೇಳಿದಿರಿ: ‘ಇವು ಚಳಿಗೆ ಸಾಯಲ್ವಂತೆ ಕಣೇ, ಐರ್ಲೆಂಡಿಗೆ ಸಾಯ್ತವಂತೆ.’ ಎತ್ತರದ ಪರ್ವತಗಳಲ್ಲಿ ಹುಟ್ಟಿದ ಗಿಡಗಳು. ಅಲ್ಲಿ ಚಳಿಗಾಲವಿಡೀ ಹಿಮದ ಕಂಬಳಿ ಹೊದ್ದು ಅದರಡಿ ಒಣಗಿ ಮಲಗುತ್ತವೆ. ಇಲ್ಲಿ ಹಿಮವಿಲ್ಲ, ಬರೀ ತೇವ. ನೆತ್ತಿಯ ಮೇಲೆ ದಿನವೂ ನೀರು ಬಿದ್ದರೆ ಒಳಗಿನಿಂದ ಕೊಳೆಯುತ್ತವೆ. ಎಲ್ಲದಕ್ಕೂ ಗುಂಪು ಸೇರಿಸುವ ನೀವು ಹಳೆಯ ಕಲ್ಲಿನ ತೊಟ್ಟಿಯೊಂದನ್ನು ಯಾವುದೋ ಹಳ್ಳಿಮನೆಯಿಂದ ಗೆಳೆಯರ ಕೈಲಿ ಹೊರಿಸಿ ತಂದಿರಿ. ‘ನಮ್ಮೂರಲ್ಲಿ ಎಮ್ಮೆ ನೀರು ಕುಡಿಯೋ ಬಾನಿ ಇದು, ಇದಕ್ಕೋಸ್ಕರ ನನ್ನ ಸೊಂಟ ಮುರಿದ್ಯಲ್ಲೋ’ ಎಂದು ಪ್ರಸಾದ್ ಬೈದದ್ದು ನೆನಪಿದೆಯಲ್ಲ?

ತೊಟ್ಟಿ ತುಂಬಿಸಿದ ಭಾನುವಾರ ನಾನೇ ಬಕೆಟ್ಟು ಹೊತ್ತೆ. ಕೆಳಗೆ ಒಡೆದ ಕುಂಡದ ಚೂರು, ಮೇಲೆ ಮಣ್ಣಿಗಿಂತ ಹೆಚ್ಚು ಮರಳು ಮತ್ತು ಜಲ್ಲಿ. ‘ಗೊಬ್ಬರ?’ ಎಂದೆ. ‘ಬೇಡ, ಇವು ಬಡತನದಲ್ಲೇ ಚೆನ್ನಾಗಿರೋವು’ ಎಂದಿರಿ. ಚಪ್ಪಟೆ ಕಲ್ಲುಗಳನ್ನು ಓರೆಯಾಗಿ ಹೂತು, ಸಂದಿಗಳಲ್ಲಿ ಒಂದೊಂದೇ ಮೆತ್ತೆ ಕೂರಿಸಿ, ಗಿಡದ ಕುತ್ತಿಗೆಗೆ ತೇವ ತಾಗದಂತೆ ಸುತ್ತಲೂ ಸಣ್ಣ ಜಲ್ಲಿ ಹರಡಿದಿರಿ. ಆಮೇಲೆ ಪ್ರತಿ ಸಂಜೆ ಸ್ಯಾಂಡಿಫರ್ಡ್‌ನ ಆಫೀಸಿನಿಂದ ಬಂದು ಲ್ಯಾಪ್‌ಟಾಪ್ ಬ್ಯಾಗು ಕೆಳಗಿಟ್ಟು ನೇರ ಹಿತ್ತಲಿಗೆ. ಹುಬ್ಬು ಕೀಳುವ ನನ್ನ ಚಿಮಟವೂ ಅಲ್ಲಿಗೇ ಹೋಯಿತು, ಒಣಗಿದ ಎಲೆ ಆರಿಸಲು. ಮಳೆಗಾಲ ಎಂಬುದೊಂದು ಬೇರೆಯಾಗಿಲ್ಲದ ಈ ದೇಶದಲ್ಲಿ ಅಕ್ಟೋಬರ್ ಬಂತೆಂದರೆ ನಾಲ್ಕು ಇಟ್ಟಿಗೆಗಳ ಮೇಲೆ ದಪ್ಪ ಗಾಜು. ಮೇಲೆ ಮಳೆ ಬೀಳಬಾರದು, ಪಕ್ಕದಿಂದ ಗಾಳಿ ಆಡಬೇಕು. ನೋಡಿ ನೋಡಿಯೇ ಎಲ್ಲ ಕಲಿತೆ. ನೀವು ಕಲಿಸಿದ್ದಲ್ಲ.

ನಿಧಿ ನಾಯಿಮರಿ ಬೇಕೆಂದು ಹಟ ಹಿಡಿದದ್ದು ನಿಮಗೆ ಮರೆತಿರಬಹುದು. ನೀವು ಅವಳನ್ನು ತೊಡೆಯ ಮೇಲೆ ಕೂರಿಸಿಕೊಂಡು ‘ಗ್ರ್ಯಾಂಡ್, ತರೋಣ ಪುಟ್ಟಿ’ ಎಂದಿರಿ, ಇಲ್ಲಿಯವರು ಎಲ್ಲಕ್ಕೂ ‘ಸರಿ’ ಎನ್ನುವ ಹಾಗೆ. ಅವಳು ಮಲಗಿದ ಮೇಲೆ ನನಗೆ ‘ನಾಯಿ ಎಲ್ಲ ಆಗಲ್ಲ, ಬೆಳಿಗ್ಗೆ ನೀನೇ ಹೇಳ್ಬಿಡು’ ಎಂದಿರಿ. ಹೇಳಿದೆ. ಪ್ರಸಾದ್ ತಮ್ಮನಿಗೆ ರೂಮು ಸಿಗುವವರೆಗೆ ನಮ್ಮಲ್ಲಿರಲಿ ಎಂದಾಗಲೂ ‘ಅದಕ್ಕೇನು, ಬರ್ಲಿ’ ಎಂದವರು ನೀವು, ಆಗುವುದಿಲ್ಲ ಎಂದು ಫೋನು ಮಾಡಿದವಳು ನಾನು. ಯುಗಾದಿ ಕಾರ್ಯಕ್ರಮ, ಚೀಟಿ, ಯಾರದೋ ಗೃಹಪ್ರವೇಶ, ಎಲ್ಲಕ್ಕೂ ‘ಹ್ಞೂಂ’ ನಿಮ್ಮದು, ‘ಇಲ್ಲ’ ನನ್ನದು. ಡಬ್ಲಿನ್ ಕನ್ನಡಿಗರಿಗೆಲ್ಲ ನೀವು ದೇವರಂಥ ಮನುಷ್ಯ, ನಾನು ಗಂಟುಮುಖದ ಪದ್ಮ. ನಿಧಿ ಈಗಲೂ ಹೇಳುತ್ತಾಳೆ, ‘ಡ್ಯಾಡ್ ವುಡ್ ಹ್ಯಾವ್ ಗಾಟ್ ಮಿ ಎ ಡಾಗ್.’ ನಾನು ಚಪಾತಿ ಹಿಟ್ಟು ಕಲಸುತ್ತಿರುತ್ತೇನೆ.

ಅತ್ತೆ ಬಂದಿಳಿದ ದಿನ ವಿಮಾನನಿಲ್ದಾಣದಲ್ಲಿ ನನ್ನ ಮುಖ ನೋಡಲಿಲ್ಲ. ಭಾವನ ತೋಳು ಹಿಡಿದುಕೊಂಡು ಬಂದು ನಿಧಿಯನ್ನು ಅಪ್ಪಿಕೊಂಡರು, ನನ್ನ ಭುಜವನ್ನು ಹಾಗೆ ಮುಟ್ಟಿದರು. ನೀವು ಬದುಕಿರುವಾಗ ಒಮ್ಮೆಯೂ ಬರಲಾಗದವರು ನಿಮ್ಮನ್ನು ಪೆಟ್ಟಿಗೆಯಲ್ಲಿ ನೋಡಲು ಬಂದಿದ್ದರು. ಕರ್ಮವನ್ನೆಲ್ಲ ಭಾವನೇ ಮಾಡಿದರು. ಬೂದಿ ಬಿಡಲು ಸಮುದ್ರದ ಹತ್ತಿರ ಹೋದಾಗ ಅತ್ತೆ ‘ನಾನೂ ಒಂದು ಹಿಡಿ ಎಳ್ಳುನೀರು ಬಿಡ್ತೀನಿ’ ಎಂದರು. ಹೆಂಗಸರು ಬಿಡುವ ಹಾಗಿಲ್ಲ ಎಂದರು ಪುರೋಹಿತರು. ಅತ್ತೆ ಕೈ ಹಿಂದಕ್ಕೆ ತೆಗೆದುಕೊಂಡರು. ಆ ಕೈಯನ್ನು ಆಮೇಲೆ ಎಲ್ಲಿಡಬೇಕೆಂದು ತಿಳಿಯದೆ ಸೆರಗಿನೊಳಗೆ ಸುತ್ತಿಕೊಂಡರು. ವೈಕುಂಠ ಸಮಾರಾಧನೆ ಮುಗಿಸಿ ಭಾವ ಊರಿಗೆ ಹೋದರು, ಸಂಕ್ರಾಂತಿ ಕಳೆಯುವವರೆಗೆ ಅತ್ತೆ ಇಲ್ಲಿರುವುದು ಎಂದಾಯಿತು. ನನ್ನನ್ನು ಯಾರೂ ಕೇಳಲಿಲ್ಲ. ಕೇಳಿದ್ದರೆ ಹ್ಞೂಂ ಎನ್ನುತ್ತಿದ್ದೆ.

ಒಂದು ಮಧ್ಯಾಹ್ನ ಕೆಲಸದಿಂದ ಬಂದು ನೋಡಿದರೆ ಗಾಜನ್ನು ಗೋಡೆಗೆ ಒರಗಿಸಿ ಇಟ್ಟಿತ್ತು. ತೊಟ್ಟಿಯ ಕಲ್ಲುಗಳೆಲ್ಲ ಹೊಳೆಯುತ್ತಿದ್ದವು. ಅತ್ತೆ ನಿಮ್ಮ ಮಳೆಯ ಜಾಕೆಟ್ಟನ್ನು ಸೀರೆಯ ಮೇಲೆ ಹಾಕಿಕೊಂಡು, ತೋಳು ಮಡಚಿಕೊಂಡು, ಮೈಸೂರಿನಿಂದ ತಂದ ತಾಮ್ರದ ಚೊಂಬು ಹಿಡಿದು ನಿಂತಿದ್ದರು.

‘ಗಿಡಕ್ಕೆ ಯಾರಾದ್ರೂ ಮುಚ್ಚಳ ಹಾಕ್ತಾರೇನೇ? ಉಸಿರು ಕಟ್ಟಲ್ವಾ?’

‘ಇವಕ್ಕೆ ಚಳಿಗಾಲದಲ್ಲಿ ನೀರು ಬೇಡ ಅತ್ತೆ.’

‘ನೀರು ಬೇಡದ ಗಿಡ ಯಾವ ಲೋಕದಲ್ಲಿದೆ?’ ಎಂದು ಒಳಗೆ ಹೋದರು.

ನಾನು ಗಾಜನ್ನು ಮತ್ತೆ ಇಟ್ಟಿಗೆಗಳ ಮೇಲೆ ಇಟ್ಟೆ. ಮರುದಿನ ಅದು ಮತ್ತೆ ಗೋಡೆಗೆ ಒರಗಿತ್ತು. ನಮ್ಮಿಬ್ಬರ ಮಾತುಕತೆ ಹಾಗೆ ಆ ಗಾಜಿನ ಮೂಲಕ ನಡೆಯತೊಡಗಿತು. ಬೆಳಿಗ್ಗೆ ಸ್ನಾನ ಮಾಡಿ, ಹಣೆಗೆ ವಿಭೂತಿ ಹಚ್ಚಿ, ಅವರು ತೆಗೆಯುವುದು. ಮಧ್ಯಾಹ್ನ ನಾನು ಮುಚ್ಚುವುದು. ಅವರು ತುಟಿ ಅಲ್ಲಾಡಿಸುತ್ತ ನೀರು ಹಾಕುತ್ತಿದ್ದರಂತೆ, ನಿಧಿ ಕಿಟಕಿಯಿಂದ ನೋಡಿದ್ದಳು. ಒಂದು ಶನಿವಾರ ನಾನೂ ನೋಡಿದೆ. ಒಂದು ಚೊಂಬು ಅಲ್ಲ. ಮೂರು ಸಲ ಒಳಗೆ ಬಂದು ತುಂಬಿಸಿಕೊಂಡು ಹೋದರು. ಕೊನೆಯದು ಅಕ್ಕಿ ತೊಳೆದ ನೀರು. ನಮ್ಮ ಮನೆಗಳಲ್ಲಿ ಕರಿಬೇವಿಗೆ ಹಾಕುವ ಹಾಗೆ, ಬೆಳ್ಳಗೆ, ಧಾರೆಯಾಗಿ, ಸರಿಯಾಗಿ ಮೆತ್ತೆಗಳ ನೆತ್ತಿಗೆ.

ನಿಧಿಗೆ ತಡೆಯಲಾಗಲಿಲ್ಲ. ಬಾಗಿಲು ತೆರೆದು ‘ಅಜ್ಜೀ, ಸ್ಟಾಪ್, ಯು ಆರ್ ಡ್ರೌನಿಂಗ್ ದೆಮ್!’ ಎಂದು ಕೂಗಿದಳು.

‘ಏನಂತೆ ಇವಳದು? ಬಾಯಲ್ಲಿ ಎಲೆಅಡಿಕೆ ಇಟ್ಕೊಂಡಿರೋ ಹಾಗೆ ಮಾತಾಡ್ತಾಳೆ.’

‘ನೀರು ಜಾಸ್ತಿಯಾಗಿ ಸಾಯ್ತವೆ ಅಂತಾಳೆ ಅತ್ತೆ.’

‘ನೀರಿಲ್ಲದೆ ಸತ್ತೋರನ್ನ ನೋಡಿದೀನಿ, ನೀರು ಕೊಟ್ಟಿದ್ದಕ್ಕೆ ಸತ್ತೋರನ್ನ ನೋಡಿಲ್ಲ.’

ನಿಧಿ ನನ್ನ ಮುಖ ನೋಡಿದಳು, ಭುಜ ಕುಣಿಸಿ ‘ಗ್ರ್ಯಾಂಡ್ ಸೋ’ ಎಂದು ಮೇಲೆ ಹೋದಳು. ಆ ಭುಜ ಕುಣಿಸುವುದು ನಿಮ್ಮದೇ, ನೋಡಿ.

ಕ್ರಿಸ್ಮಸ್ ರಜೆಯಲ್ಲಿ ಮೆತ್ತೆಗಳ ನಡುವೆ ಕಂದು ಬಣ್ಣ ಕಾಣಿಸಿಕೊಂಡಿತು. ಮೊದಲು ಬೊಟ್ಟಿನಷ್ಟು, ಆಮೇಲೆ ರೂಪಾಯಿ ನಾಣ್ಯದಷ್ಟು. ಬೆರಳಿಟ್ಟರೆ ಗಟ್ಟಿಯಾಗಿರಬೇಕಾದದ್ದು ನೆನೆದ ಬ್ರೆಡ್ಡಿನಂತೆ ಒಳಗೆ ಹೋಗುತ್ತಿತ್ತು. ನನಗೆ ಸಿಟ್ಟು ಬಂದದ್ದು ಅತ್ತೆಯ ಮೇಲಲ್ಲ. ನಿಮ್ಮ ಮೇಲೆ. ವಾರಕ್ಕೆರಡು ಸಲ ಫೋನು ಮಾಡಿ ಅಮ್ಮನ ಬಳಿ ನಗುನಗುತ್ತ ಮಾತಾಡುತ್ತಿದ್ದಿರಲ್ಲ, ‘ಅಮ್ಮ, ಇಂಥ ಗಿಡ ಅದು, ಇಂಥ ಕಾಲದಲ್ಲಿ ನೀರು ಹಾಕಬಾರದು’ ಎಂಬ ಒಂದು ಮಾತು ಹೇಳಿದ್ದರೆ ನಿಮ್ಮ ನಾಲಿಗೆ ಸವೆಯುತ್ತಿತ್ತೇ? ಅದನ್ನೂ ನಾನೇ ಹೇಳಬೇಕು. ಯಾರಿಗೆ? ಮಗನನ್ನು ಕಳೆದುಕೊಂಡ ತಾಯಿಗೆ. ಏನೆಂದು? ನಿಮ್ಮ ಮಗನ ಗಿಡಕ್ಕೆ ನೀರು ಹಾಕಬೇಡಿ ಎಂದು.

ಹೇಳಿದೆ. ಹೊಸ ವರ್ಷ ಬಂದ ಮೇಲೆ ಒಂದು ಬೆಳಿಗ್ಗೆ, ಇಲ್ಲಿಯ ಆ ಕಾಣಿಸದ ಮಳೆ ಹನಿಯುತ್ತಿರುವಾಗ, ತೊಟ್ಟಿಗೂ ಅತ್ತೆಗೂ ನಡುವೆ ಹೋಗಿ ನಿಂತುಕೊಂಡೆ.

‘ಸಾಕು ಅತ್ತೆ. ಇನ್ನು ನೀರು ಹಾಕಬೇಡಿ.’

ಅವರು ಚೊಂಬು ಇಳಿಸಲಿಲ್ಲ. ‘ಎಳ್ಳುನೀರು ಬಿಡೋಕೆ ನನಗೆ ಅಧಿಕಾರ ಇಲ್ಲ ಅಂದ್ರು, ಸುಮ್ನಾದೆ. ಅವನ ಗಿಡಕ್ಕೆ ಒಂದು ಚೊಂಬು ನೀರು ಹಾಕೋಕೂ ನಿನ್ನ ಅಪ್ಪಣೆ ಬೇಕಾ?’

‘ಅಪ್ಪಣೆ ಅಲ್ಲ ಅತ್ತೆ…’

‘ಗೊತ್ತು ಬಿಡು. ಎಷ್ಟು ವರ್ಷದಿಂದ ಕರೀತಿದ್ದ ನನ್ನ ರಾಘು. “ಅಮ್ಮ, ಬಂದ್ಬಿಡಮ್ಮ. ಹಿತ್ತಲಲ್ಲಿ ಕಲ್ಲಿನ ತೊಟ್ಟಿ ಇಟ್ಟಿದೀನಿ, ಪುಟ್ಟ ಪುಟ್ಟ ಗಿಡ, ಬೆಳಿಗ್ಗೆ ಎದ್ದು ನೀನೇ ನೀರು ಹಾಕುವಿಯಂತೆ” ಅಂತಿದ್ದ. ನಾನು ಸ್ವೆಟರ್ ಕೂಡ ತಗೊಂಡಿಟ್ಟಿದ್ದೆ. ಮುಂದಿನ ಸಲ ಫೋನ್ ಮಾಡ್ದಾಗ, “ಪದ್ಮ ಬೇಡ ಅಂತಾಳಮ್ಮ, ಮನೆ ಚಿಕ್ಕದಂತೆ, ಬರೋ ವರ್ಷ ನೋಡೋಣ.” ಬಾ ಅಂದೋನು ಅವನು. ಬೇಡ ಅಂದೋಳು ನೀನು. ಈಗ ನೀರೂ ಬೇಡ ಅಂತೀಯ.’

ಆ ಹೊತ್ತು ಪಕ್ಕದ ಮನೆಯ ಬಾಯ್ಲರಿನ ಸದ್ದು ಎಷ್ಟು ಜೋರಾಗಿ ಕೇಳಿಸಿತೆಂದರೆ… ರೀ, ನೀವು ನನಗೆ ಏನು ಹೇಳಿದ್ದಿರಿ? ‘ಅಮ್ಮಂಗೆ ಈ ಚಳಿ ತಡೆಯಲ್ಲ ಪದ್ಮ. ಬರ್ತೀನಿ ಬರ್ತೀನಿ ಅಂತಾರೆ, ನಾನು ಬೇಡ ಅಂದ್ರೆ ನೊಂದ್ಕೋತಾರೆ. ಮನೆ ಚಿಕ್ಕದು ಅಂತ ನೀನೇ ಏನಾದ್ರೂ ಹೇಳು.’ ನಾನು ಫೋನು ತೆಗೆದುಕೊಂಡು ‘ಅತ್ತೆ, ಮನೆ ಚಿಕ್ಕದು’ ಎಂದೆ. ಒಂದು ವರ್ಷವಲ್ಲ. ಆ ಫೋನನ್ನು ನನ್ನ ಕೈಗೆ ಕೊಡುವ ಮುನ್ನ ನೀವೇ ಅವರನ್ನು ಕರೆದಿದ್ದಿರಿ ಎಂದು ನನಗೆ ಹೇಗೆ ತಿಳಿಯಬೇಕು? ಅವರಿಗೆ ಚೊಂಬಿನ ಆಸೆ ಹಚ್ಚಿ, ನನಗೆ ಗಾಜಿನ ಕಾವಲು ಕೊಟ್ಟು, ನೀವು ನಡುವಿನಿಂದ ಎದ್ದುಹೋದಿರಿ. ಯಾಕೆ ಅವರು ಬರುವುದು ಬೇಡವಾಗಿತ್ತು ನಿಮಗೆ? ಮಣ್ಣಿನಲ್ಲಿ ಮೊಣಕಾಲೂರಿದ ನಿಮ್ಮನ್ನು ನೋಡಿ ನಗುತ್ತಾರೆಂದೇ? ಇಲ್ಲ, ಸಂಜೆಯ ಆ ಒಂದು ಗಂಟೆ ಯಾರ ಪಾಲಿಗೂ ಹೋಗಬಾರದೆಂದೇ? ಈಗ ಯಾರನ್ನು ಕೇಳಲಿ?

ಎಲ್ಲ ಹೇಳಿಬಿಡುವುದಕ್ಕೆ ಬಾಯಿ ತೆರೆದೆ. ಅತ್ತೆಯ ಕೈಮೇಲೆ ನಿಮ್ಮ ಜಾಕೆಟ್ಟಿನ ತೋಳು ಜಾರಿ ಬೆರಳವರೆಗೂ ಬಂದಿತ್ತು. ‘ಬಾ ಅಮ್ಮ’ ಎಂದು ಮಗ ಕರೆದ ಅನ್ನುವುದೊಂದೇ ಅವರು ಇಲ್ಲಿಂದ ಊರಿಗೆ ತೆಗೆದುಕೊಂಡು ಹೋಗುವ ಗಂಟು. ಅದನ್ನು ಬಿಚ್ಚಿ ಒಳಗೆ ಏನೂ ಇಲ್ಲ ಎಂದು ತೋರಿಸಿ ನಾನು ಯಾವ ಬಹುಮಾನ ಗೆಲ್ಲಬೇಕಿತ್ತು? ‘ಹೌದು ಅತ್ತೆ. ಮನೆ ಚಿಕ್ಕದು ಅಂತ ನಾನೇ ಅಂದಿದ್ದು’ ಎಂದೆ. ನಿಮಗೋಸ್ಕರ ಎಂದುಕೊಳ್ಳಬೇಡಿ. ನಿಮಗೋಸ್ಕರ ಮಾಡಿದ್ದು ಅಲ್ಲಿಗೆ ಸಾಕಾಗಿತ್ತು.

‘ಆದ್ರೆ ನೀರಿನ ಮಾತು ನಂದಲ್ಲ ಅತ್ತೆ. ಅವರೇ ಹೇಳಿದ್ದು. ಆಸ್ಪತ್ರೆಯಲ್ಲಿ.’

‘ಅದನ್ನೂ ನೀನೇ ಹೇಳ್ತಿದೀಯ’ ಎಂದರು ಅತ್ತೆ.

ನೋಡಿದಿರಾ? ನೀವು ಆಡಿದ ಒಂದೇ ಒಂದು ನಿಜವಾದ ‘ಬೇಡ’ವನ್ನು ಈ ಭೂಮಿಯ ಮೇಲೆ ನಂಬುವವರಿಲ್ಲ. ನನ್ನ ಬಾಯಿಂದ ಬಂದ ಮಾತೆಲ್ಲ ನನ್ನದೇ ಎಂದು ನೀವೇ ಎಲ್ಲರನ್ನೂ ನಂಬಿಸಿ ಹೋಗಿದ್ದೀರಿ.

ನಾನು ಬಾಗಿ, ತೊಟ್ಟಿಯ ನಡುವಿನ ದೊಡ್ಡ ಮೆತ್ತೆಗೆ ಕೈ ಹಾಕಿದೆ. ನೀವು ಹುಟ್ಟುಹಬ್ಬಕ್ಕೆ ನಿಮಗೆ ನೀವೇ ಕೊಂಡುಕೊಂಡದ್ದು, ಅದೇ. ಎಳೆಯಲೂ ಬೇಕಾಗಲಿಲ್ಲ. ಅನ್ನದ ಮುದ್ದೆಯ ಹಾಗೆ ಅಂಗೈಗೆ ಬಂತು. ಅಡಿಯಲ್ಲಿ ಬೇರಿರಲಿಲ್ಲ, ಕಪ್ಪು ಲೋಳೆ ಇತ್ತು, ಹಳಸಿದ ವಾಸನೆ ಇತ್ತು. ಅತ್ತೆಯ ಮುಂದೆ ಹಿಡಿದೆ. ನಿಜ ಹೇಳುತ್ತೇನೆ, ಹಿಡಿಯುವಾಗ ನನಗೊಂದು ಬಗೆಯ ಸಂತೋಷವಾಯಿತು.

ಅತ್ತೆ ಅದನ್ನು ನೋಡಿದರು, ಮೂಸಿದರು. ಚೊಂಬನ್ನು ನಿಧಾನವಾಗಿ ಕಲ್ಲಿನ ಅಂಚಿನ ಮೇಲಿಟ್ಟು, ಬೋರಲು ಹಾಕಿದ್ದ ಬಕೆಟ್ಟಿನ ಮೇಲೆ ಕೂತುಬಿಟ್ಟರು. ‘ನಾನೇ ಕೊಂದ್ಬಿಟ್ನೇನೇ?’ ಎಂದರು. ಅವರು ಗಿಡವನ್ನು ನೋಡುತ್ತಿರಲಿಲ್ಲ.

‘ಇಲ್ಲ’ ಎಂದೆ. ‘ಇಲ್ಲ ಅತ್ತೆ. ಈ ಊರಿನ ಮಳೆ.’

ಯಾರೂ ಹೇಳಿಕೊಡದೆ ನಾನಾಗಿ ಆಡಿದ ‘ಇಲ್ಲ’ ಅದೊಂದೇ ಇರಬೇಕು.

ಮರುದಿನ ಬೆಳಿಗ್ಗೆ ಚೊಂಬು ಅಡುಗೆಮನೆಯಲ್ಲೇ ಇತ್ತು. ಅತ್ತೆ ಹಿತ್ತಲಿನಲ್ಲಿ, ಸ್ಟೀಲ್ ತಟ್ಟೆ ತೊಡೆಯ ಮೇಲಿಟ್ಟುಕೊಂಡು ಕೂತಿದ್ದರು. ಕೊಳೆತ ಮೆತ್ತೆಗಳನ್ನೆಲ್ಲ ನಾನು ಎತ್ತಿ ತಟ್ಟೆಗೆ ಹಾಕಿದೆ. ಅಕ್ಕಿಯಲ್ಲಿ ಕಲ್ಲು ಆರಿಸುವ ಕಣ್ಣು ಅವರದು. ಕನ್ನಡಕ ಮೂಗಿನ ತುದಿಗೆ ತಂದು, ಕಂದು ಎಲೆಗಳ ನಡುವೆ ಹಸಿರು ಉಳಿದಿದ್ದ ಪುಟ್ಟ ಪುಟ್ಟ ಸುಳಿಗಳನ್ನು ಒಂದೊಂದಾಗಿ ಬಿಡಿಸಿ ತಟ್ಟೆಯ ಒಂದು ಮಗ್ಗುಲಿಗೆ ತಳ್ಳಿದರು. ನಿಮ್ಮ ಚಿಮಟ, ಅಂದರೆ ನನ್ನ ಚಿಮಟ, ಕೊಟ್ಟೆ. ‘ಇದೆಲ್ಲ ಬೇಡ’ ಎಂದು ಉಗುರಿನಲ್ಲೇ ಬಿಡಿಸಿದರು. ನಾನು ಕುಂಡಕ್ಕೆ ಬರೀ ಮರಳು ತುಂಬಿ, ಸುಳಿಗಳನ್ನು ನೆಟ್ಟು, ಕುಂಡವನ್ನು ನೀರಿರುವ ತಟ್ಟೆಯಲ್ಲಿ ಸ್ವಲ್ಪ ಹೊತ್ತು ನಿಲ್ಲಿಸಿ ತೆಗೆದೆ. ‘ಓ, ಕೆಳಗಿಂದ ಕುಡಿಸೋದಾ?’ ಎಂದರು. ಹೂಂ ಎಂದೆ. ‘ರಾಘೂನೂ ಹಾಗೇ. ಚಿಕ್ಕೋನಿದ್ದಾಗ ಲೋಟದಲ್ಲಿ ಕೊಟ್ರೆ ಕುಡೀತಿರ್ಲಿಲ್ಲ. ತಟ್ಟೇಲಿ ಹಾಕಿಕೊಟ್ರೆ ನೆಕ್ಕೋನು.’ ಇಬ್ಬರಿಗೂ ನಗು ಬಂತು. ನಾವಿಬ್ಬರೂ ಸೇರಿ ನಕ್ಕದ್ದು ನೀವು ಯಾವತ್ತೂ ಕೇಳಿಲ್ಲ. ಕೇಳುವ ಹಾಗೆ ನೀವು ಇಟ್ಟಿರಲಿಲ್ಲ.

ಅತ್ತೆ ಹೊರಡುವ ದಿನ ಜಾಕೆಟ್ಟನ್ನು ಮಡಚಿ ಮಂಚದ ಮೇಲಿಟ್ಟರು. ನಾನೇ ತೆಗೆದು ಅವರ ಸೂಟ್‌ಕೇಸಿಗೆ ಹಾಕಿದೆ. ಮೈಸೂರಿನಲ್ಲಿ ಅದನ್ನು ಹಾಕಿಕೊಂಡು ಎಲ್ಲಿಗೆ ಹೋಗುತ್ತಾರೋ ದೇವರೇ ಬಲ್ಲ. ಮರಳಿಗೆ ನೆಟ್ಟ ಸುಳಿಗಳಲ್ಲಿ ಹೆಚ್ಚಿನವು ಆ ತಿಂಗಳೇ ಸತ್ತವು. ಬೇರು ಬಿಡುವ ಕಾಲ ಅದಲ್ಲ, ನನಗೆ ಗೊತ್ತಿತ್ತು. ಆದರೂ ಕೆಲವು ಅಲುಗಾಡದೆ ನಿಂತಿವೆ. ತೊಟ್ಟಿಯಲ್ಲಿ, ಓರೆಕಲ್ಲಿನ ಅಡಿಯ ಸಂದಿಯಲ್ಲಿ ಕೂತಿದ್ದ ಮೆತ್ತೆಯೊಂದಕ್ಕೆ ಮಾತ್ರ ಚೊಂಬಿನ ನೀರು ತಾಗಿರಲಿಲ್ಲ. ಈಗ ಮಾರ್ಚ್, ಅದು ಹೂಬಿಟ್ಟಿದೆ. ಹಳದಿ. ತೊಟ್ಟು ಇಲ್ಲ, ಎಲೆಯ ಮೇಲೇ ಅಂಟಿಸಿದ ಹಾಗೆ. ನಿಮಗೆ ಸಂತೋಷವಾಗಲಿ ಎಂದು ಬರೆಯುತ್ತಿಲ್ಲ. ಅದು ಉಳಿದದ್ದು ನಿಮ್ಮ ಅಮ್ಮನ ದಯೆಯಿಂದಲ್ಲ, ನನ್ನ ಕಾವಲಿನಿಂದಲೂ ಅಲ್ಲ, ಒಂದು ಕಲ್ಲು ಅಡ್ಡ ಇತ್ತು ಎಂದು.

ಕಳೆದ ಭಾನುವಾರ ಅತ್ತೆ ಫೋನು ಮಾಡಿದ್ದರು. ಈಗ ಪ್ರತಿ ಭಾನುವಾರ ಮಾಡುತ್ತಾರೆ, ನನ್ನ ನಂಬರಿಗೇ.

‘ಮಳೇನಾ?’

‘ಮಳೆ ಅತ್ತೆ.’

‘ಗಾಜು ಇದೆಯಾ?’

‘ಇದೆ.’

‘ಯಾರೂ ನೀರು ಹಾಕಿಲ್ಲ ತಾನೆ?’

ನಿಮ್ಮದೇ ಧಾಟಿ. ನಾನು ಕುರ್ಚಿ ಎಳೆದು ಕೂತೆ. ‘ಅತ್ತೆ, ಬರೋ ತಿಂಗಳು ಗಾಜು ತೆಗೀತೀನಿ. ಮೇ ತಿಂಗಳಿಂದ ಇವು ಬೆಳೆಯೋ ಕಾಲ. ಮಳೆ ಇಲ್ದಾಗ ನೀರು ಕೊಡ್ಲೇಬೇಕು. ನಾನು ಬೆಳಿಗ್ಗೆ ಹೋದ್ರೆ ಮಧ್ಯಾಹ್ನವೇ ಬರೋದು. ನೀವು ಬನ್ನಿ.’

ಆ ಕಡೆ ಟಿವಿಯ ಧ್ವನಿ ಸಣ್ಣಗಾಯಿತು.

‘ಮನೆ ಚಿಕ್ಕದು ಅಂದಿದ್ಯಲ್ಲ?’

‘ಈಗ ದೊಡ್ಡದಾಗಿದೆ ಅತ್ತೆ.’

ಅವರು ಮೂಗು ಒರೆಸಿಕೊಂಡು, ‘ಚೊಂಬು ಅಲ್ಲೇ ಬಿಟ್ಟು ಬಂದಿದೀನಿ. ಹುಣಸೆಹುಳಿ ಹಾಕಿ ಬೆಳಗಿಡು’ ಎಂದು ಫೋನಿಟ್ಟರು.

ಅವರ ವೀಸಾಕ್ಕೆ ಹಾಕಿದ್ದೇನೆ. ನಿಮ್ಮ ಬಾಯಲ್ಲಿ ಮಾತ್ರ ಇದ್ದ ‘ಬಾ’ವನ್ನು ನಾನು ನಿಜ ಮಾಡಲು ಹೊರಟಿದ್ದೇನೆ ಎಂದು ಅವರಿಗೆ ಎಂದೂ ಹೇಳುವುದಿಲ್ಲ. ಗಾಜಿನ ಅಡಿಯಲ್ಲಿ ನಿಮ್ಮ ಗಿಡಗಳನ್ನು ಇಟ್ಟ ಹಾಗೆ ನಿಮ್ಮ ಒಳ್ಳೆಯ ಹೆಸರನ್ನೂ ಇಟ್ಟುಕೊಳ್ಳುತ್ತೇನೆ, ಅದರ ಮೇಲೆ ಮಳೆ ಬೀಳದ ಹಾಗೆ. ಆದರೆ ಒಂದು ವಿಷಯ. ಈ ಸಲ ಕರೆದವಳು ನಾನು. ನಿಮ್ಮನ್ನು ಕೇಳಲಿಲ್ಲ. ಚೊಂಬು ಬೆಳಗಿ ಕಿಟಕಿಯ ಕಟ್ಟೆಯ ಮೇಲಿಟ್ಟಿದ್ದೇನೆ.

ಹಿತ್ತಲಿನಿಂದ ನೀವು ಹ್ಞೂಂ ಎನ್ನುವುದೂ ಬೇಡ.

ಪದ್ಮ